ಕೊಟ್ರೇಶಿ ಕನಸು (ಚಲನಚಿತ್ರ)

ಕೊಟ್ರೇಶಿ ಕನಸು 1994ರ ಕನ್ನಡ ಚಲನಚಿತ್ರ. ಕುಂ. ವೀರಭದ್ರಪ್ಪ (ಕುಂವೀ) ಅವರ ಕಥೆಯನ್ನು ಆಧರಿಸಿದ ಈ ಚಿತ್ರವನ್ನು ನಾಗತಿಹಳ್ಳಿ ಚಂದ್ರಶೇಖರ್ ನಿರ್ದೇಶಿಸಿದರು. ಬಾಲನಟ ವಿಜಯ್ ರಾಘವೇಂದ್ರ ಕೊಟ್ರೇಶಿಯ ಪಾತ್ರ ವಹಿಸಿದ್ದು, ಕರಿಬಸವಯ್ಯ ಮತ್ತು ಉಮಾಶ್ರೀ ಇತರ ಮುಖ್ಯ ಪಾತ್ರಗಳಲ್ಲಿದ್ದಾರೆ. ಸಂಗೀತ ಸಿ. ಅಶ್ವಥ್ ಅವರದು. ಚೆನ್ನಾಗಿ ಓದುವ ದಲಿತ ಬಾಲಕನೊಬ್ಬ ಪ್ರೌಢಶಾಲೆಗೆ ಸೇರಬಯಸಿದಾಗ ಹಳ್ಳಿಯ ಜಾತಿವ್ಯವಸ್ಥೆ ಅವನಿಗೆ ಅಡ್ಡವಾಗುವುದು ಚಿತ್ರದ ವಸ್ತು. 42ನೇ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ಇದಕ್ಕೆ ಅತ್ಯುತ್ತಮ ಕನ್ನಡ ಚಿತ್ರ ಪ್ರಶಸ್ತಿ ಲಭಿಸಿತು. ವಿಜಯ್ ರಾಘವೇಂದ್ರ ಅವರು ಅತ್ಯುತ್ತಮ ಬಾಲನಟ ಪ್ರಶಸ್ತಿ ಪಡೆದರು.

ಕಥಾವಸ್ತು

ಕೊಟ್ರೇಶಿ ಬಡ ದಲಿತ ಕುಟುಂಬದ ಹುಡುಗ. ಏಳನೇ ತರಗತಿಯ ಪರೀಕ್ಷೆಯಲ್ಲಿ ಉತ್ತಮ ಅಂಕಗಳನ್ನು ಪಡೆದು ತೇರ್ಗಡೆಯಾಗುತ್ತಾನೆ. ಮುಂದೆ ಪ್ರೌಢಶಾಲೆಗೆ ಸೇರಿ ಓದಬೇಕೆಂಬುದು ಅವನ ಆಸೆ. ಅಲ್ಲಿಯವರೆಗೆ ಅವನ ಓದನ್ನು ಹೇಗೋ ಸಹಿಸಿಕೊಂಡಿದ್ದ ಊರು ಈಗ ಬೇರೆಯದೇ ಮುಖ ತೋರಿಸುತ್ತದೆ. ಕೇರಿಯ ಹುಡುಗನೊಬ್ಬ ಎಂಟನೇ ತರಗತಿಯ ಬೆಂಚಿನ ಮೇಲೆ ಮೇಲುಜಾತಿಯ ಮಕ್ಕಳ ಜೊತೆ ಕುಳಿತುಕೊಳ್ಳುವುದು ಅಲ್ಲಿನ ಪ್ರಬಲರಿಗೆ ಒಪ್ಪಿಗೆಯಾಗದ ಸಂಗತಿ. ಹುಡುಗನ ಅರ್ಹತೆಯ ಬಗ್ಗೆ ಯಾರಿಗೂ ಸಂಶಯವಿಲ್ಲ. ಅಂಕಪಟ್ಟಿ ಅವನ ಕೈಯಲ್ಲಿದೆ. ಆದರೂ ಬಾಗಿಲು ತೆರೆಯುವುದು ಸುಲಭವಾಗುವುದಿಲ್ಲ.

ಶೀರ್ಷಿಕೆಯಲ್ಲಿರುವ 'ಕನಸು' ಎಷ್ಟು ಸಣ್ಣದು ಎಂಬುದನ್ನು ಇಲ್ಲಿ ಗಮನಿಸಬೇಕು. ದೊಡ್ಡ ಅಧಿಕಾರಿಯಾಗುವುದು, ಪಟ್ಟಣದಲ್ಲಿ ಬಂಗಲೆ ಕಟ್ಟಿಸುವುದು ಮೊದಲಾದ ಸಿನಿಮಾ ಕನಸುಗಳಿಗೂ ಇದಕ್ಕೂ ಸಂಬಂಧವಿಲ್ಲ. ಉಳಿದ ಮಕ್ಕಳಿಗೆ ಬೇಸಿಗೆ ರಜೆ ಮುಗಿದೊಡನೆ ತಾನಾಗಿಯೇ ಒದಗುವ ಎಂಟನೇ ತರಗತಿಯೇ ಈ ಹುಡುಗನ ಪಾಲಿಗೆ ಕನಸಾಗಿ ಪರಿಣಮಿಸಿದೆ.

ಏಳನೇ ತರಗತಿ ಎಂಬ ಗಡಿ

ಕಥೆಯ ತಿರುವು ಏಳನೇ ತರಗತಿಯ ಕೊನೆಗೆ ಬಂದಿರುವುದರ ಕಾರಣ ಇಂದಿನ ವಿದ್ಯಾರ್ಥಿಗಳಿಗೆ ಥಟ್ಟನೆ ಹೊಳೆಯಲಿಕ್ಕಿಲ್ಲ. ಕರ್ನಾಟಕದಲ್ಲಿ ಒಂದರಿಂದ ಏಳರವರೆಗೆ ಪ್ರಾಥಮಿಕ ಶಾಲೆ, ಎಂಟರಿಂದ ಹತ್ತರವರೆಗೆ ಪ್ರೌಢಶಾಲೆ ಎಂಬ ವಿಂಗಡಣೆ ಬಹುಕಾಲದಿಂದ ಇದೆ. ಆ ದಿನಗಳಲ್ಲಿ ಏಳನೇ ತರಗತಿಗೆ ಪಬ್ಲಿಕ್ ಪರೀಕ್ಷೆ ನಡೆಯುತ್ತಿತ್ತು. ಹಳ್ಳಿಯ ಮಗುವಿನ ಬದುಕಿನಲ್ಲಿ ಅದು ಮೊದಲನೆಯ ದೊಡ್ಡ ಪರೀಕ್ಷೆ. ಅನೇಕರಿಗೆ ಕೊನೆಯದೂ ಹೌದು. ಪ್ರಾಥಮಿಕ ಶಾಲೆ ಊರಿನಲ್ಲಿಯೇ ಇರುತ್ತಿತ್ತು. ಪ್ರೌಢಶಾಲೆ ಹೋಬಳಿ ಕೇಂದ್ರದಲ್ಲಿ ಅಥವಾ ದೊಡ್ಡ ಊರಿನಲ್ಲಿ. ವರ್ಗಾವಣೆ ಪತ್ರ ಮತ್ತು ಅಂಕಪಟ್ಟಿಯನ್ನು ಕೈಯಲ್ಲಿ ಹಿಡಿದು ತಂದೆಯೋ ತಾಯಿಯೋ ಮುಖ್ಯೋಪಾಧ್ಯಾಯರ ಕೊಠಡಿಯ ಮುಂದೆ ನಿಲ್ಲಬೇಕಾಗುತ್ತಿತ್ತು. ಓದು ಬಾರದ ಪಾಲಕರಿಗೆ ಆ ಹೊಸ್ತಿಲು ಪರೀಕ್ಷೆಗಿಂತ ಕಠಿಣ. ಕೂಲಿಯ ದಿನ ಹಾಳಾಗುವುದು, ಪುಸ್ತಕ–ಸಮವಸ್ತ್ರದ ಖರ್ಚು, ಹುಡುಗ ದುಡಿಯುವ ವಯಸ್ಸಿಗೆ ಬಂದಿರುವುದು ಇವೆಲ್ಲವೂ ಅದೇ ತಿಂಗಳಲ್ಲಿ ಕೂಡಿಬರುತ್ತಿದ್ದವು.

ಕಾನೂನಿನ ಕಡೆಯಿಂದ ನೋಡಿದರೆ ಚಿತ್ರ ಬಂದ ಕಾಲ ಕುತೂಹಲಕರವಾದುದು. ಅಸ್ಪೃಶ್ಯತೆಯನ್ನು ಸಂವಿಧಾನದ 17ನೇ ವಿಧಿ ನಿಷೇಧಿಸಿ ನಾಲ್ಕು ದಶಕಗಳು ಕಳೆದಿದ್ದವು. 1955ರ ನಾಗರಿಕ ಹಕ್ಕುಗಳ ರಕ್ಷಣಾ ಕಾಯಿದೆಯೂ 1989ರ ಪರಿಶಿಷ್ಟ ಜಾತಿ ಮತ್ತು ಪರಿಶಿಷ್ಟ ಪಂಗಡಗಳ ದೌರ್ಜನ್ಯ ತಡೆ ಕಾಯಿದೆಯೂ ಜಾರಿಯಲ್ಲಿದ್ದವು. ಹದಿನಾಲ್ಕು ವರ್ಷ ತುಂಬುವವರೆಗೆ ಶಿಕ್ಷಣ ಪಡೆಯುವುದು ಮೂಲಭೂತ ಹಕ್ಕು ಎಂದು ಸುಪ್ರೀಂ ಕೋರ್ಟ್ ಉನ್ನಿಕೃಷ್ಣನ್ ಪ್ರಕರಣದಲ್ಲಿ ತೀರ್ಪು ನೀಡಿದ್ದು 1993ರಲ್ಲಿ, ಅಂದರೆ ಈ ಚಿತ್ರಕ್ಕೆ ಒಂದು ವರ್ಷ ಮೊದಲು. ಆ ಹಕ್ಕು 2002ರ 86ನೇ ತಿದ್ದುಪಡಿಯ ಮೂಲಕ ಸಂವಿಧಾನದ 21ಎ ವಿಧಿಯಾಗಿ ಸೇರಿತು; ಶಿಕ್ಷಣ ಹಕ್ಕು ಕಾಯಿದೆ ಬಂದದ್ದು 2009ರಲ್ಲಿ. ಹೀಗೆ ಕೊಟ್ರೇಶಿಯ ವಯಸ್ಸಿನ ಹುಡುಗನಿಗೆ ದೆಹಲಿಯ ನ್ಯಾಯಾಲಯದಲ್ಲಿ ಹಕ್ಕು ದೊರೆತಿತ್ತು. ಚಿತ್ರ ತೋರಿಸುವುದು ಆ ಹಕ್ಕು ಇನ್ನೂ ತಲುಪದ ಊರನ್ನು.

ಹೆಸರು ಮತ್ತು ಪ್ರದೇಶ

ಕೊಟ್ರೇಶ, ಕೊಟ್ರಪ್ಪ, ಕೊಟ್ರಮ್ಮ, ಕೊಟ್ರಬಸಪ್ಪ ಎಂಬ ಹೆಸರುಗಳನ್ನು ಕೇಳಿದೊಡನೆ ಈ ಭಾಗದವರು ಊರನ್ನು ಗುರುತಿಸಿಬಿಡುತ್ತಾರೆ. ಕೊಟ್ಟೂರಿನ ಕೊಟ್ಟೂರೇಶ್ವರ ಸ್ವಾಮಿಯ ಭಕ್ತರು ತಮ್ಮ ಮಕ್ಕಳಿಗೆ ಇಡುವ ಹೆಸರುಗಳಿವು. ಕೊಟ್ಟೂರು, ಕೂಡ್ಲಿಗಿ, ಹಗರಿಬೊಮ್ಮನಹಳ್ಳಿ, ಹೂವಿನಹಡಗಲಿ, ಹರಪನಹಳ್ಳಿ ಸುತ್ತಿನ ಹಳ್ಳಿಗಳ ಹಾಜರಿ ಪುಸ್ತಕಗಳಲ್ಲಿ ಒಂದೇ ತರಗತಿಯಲ್ಲಿ ಮೂರು ನಾಲ್ಕು ಕೊಟ್ರೇಶರು ಇರುವುದು ಅಪರೂಪವಲ್ಲ. ಶಿಕ್ಷಕರು ಅವರನ್ನು ಇನಿಷಿಯಲ್ಲಿನಿಂದ ಕರೆಯಬೇಕಾಗುತ್ತದೆ. ಜಾತಿಯ ಎಲ್ಲೆ ಮೀರಿ ಬಳಕೆಯಲ್ಲಿರುವ ಹೆಸರು ಇದು. ಕೊಟ್ಟೂರೇಶ್ವರ ರಥೋತ್ಸವದಲ್ಲಿ ದಲಿತ ಮಹಿಳೆಯರು ಉಪವಾಸವಿದ್ದು ಸ್ವಾಮಿಗೆ ಆರತಿ ಬೆಳಗುವ ಸಂಪ್ರದಾಯ ಇಂದಿಗೂ ಇದೆ. ತೇರಿನ ದಿನ ಆರತಿಗೆ ದೊರೆಯುವ ಮರ್ಯಾದೆ ಜೂನ್ ತಿಂಗಳಲ್ಲಿ ಶಾಲೆಯ ಬಾಗಿಲಿಗೆ ಬಂದಾಗ ದೊರೆಯುವುದಿಲ್ಲ ಎಂಬುದು ಈ ನಾಡಿನವರಿಗೆ ಪ್ರತ್ಯೇಕವಾಗಿ ವಿವರಿಸಬೇಕಾದ ಮಾತಲ್ಲ. ಚಿತ್ರದ ನಾಯಕನಿಗೆ ಆ ದೇವರ ಹೆಸರೇ ಇರುವುದರಿಂದ ಸ್ಥಳೀಯ ಪ್ರೇಕ್ಷಕರಿಗೆ ಶೀರ್ಷಿಕೆ ಇನ್ನೊಂದು ಅರ್ಥವನ್ನೂ ಹೇಳುತ್ತದೆ.

ಚಿತ್ರ ತಯಾರಾದಾಗ ಈ ತಾಲ್ಲೂಕುಗಳೆಲ್ಲವೂ ಬಳ್ಳಾರಿ ಜಿಲ್ಲೆಗೆ ಸೇರಿದ್ದವು. ಕೊಟ್ಟೂರು ಪ್ರತ್ಯೇಕ ತಾಲ್ಲೂಕಾಗದೆ ಕೂಡ್ಲಿಗಿಯ ಭಾಗವಾಗಿತ್ತು. ಹರಪನಹಳ್ಳಿ 1997ರಲ್ಲಿ ಹೊಸ ದಾವಣಗೆರೆ ಜಿಲ್ಲೆಗೆ ಹೋಗಿ, ಅನಂತರ ಬಳ್ಳಾರಿಗೆ ಮರಳಿತು. 2021ರಲ್ಲಿ ರಚನೆಯಾದ ವಿಜಯನಗರ ಜಿಲ್ಲೆಯಲ್ಲಿ ಈಗ ಇವೆಲ್ಲ ಸೇರಿವೆ. ಹಳೆಯ ಬರಹಗಳಲ್ಲಿ 'ಬಳ್ಳಾರಿ ಸೀಮೆಯ ಕಥೆ' ಎಂದಿರುವುದನ್ನು ಈ ಹಿನ್ನೆಲೆಯಲ್ಲಿ ಓದಿಕೊಳ್ಳಬೇಕು.

ಇದೇ ಸೀಮೆಯ ಹರಪನಹಳ್ಳಿ ತಾಲ್ಲೂಕಿನ ಉಚ್ಚಂಗಿದುರ್ಗವನ್ನು ಇಲ್ಲಿ ನೆನೆಯುವುದು ಅಪ್ರಸ್ತುತವಾಗದು. ಬೆಟ್ಟದ ಮೇಲಿನ ಕೋಟೆಯಲ್ಲಿರುವ ಉಚ್ಚಂಗೆಮ್ಮನ ಸನ್ನಿಧಿಯಲ್ಲಿ ಭರತ ಹುಣ್ಣಿಮೆಯಂದು ಬಡ ದಲಿತ ಕುಟುಂಬಗಳ ಹೆಣ್ಣುಮಕ್ಕಳಿಗೆ ಮುತ್ತು ಕಟ್ಟುವ ಪದ್ಧತಿ ಬಹುಕಾಲ ನಡೆದುಬಂದಿತ್ತು. 1982ರ ಕರ್ನಾಟಕ ದೇವದಾಸಿ ಸಮರ್ಪಣೆ ನಿಷೇಧ ಕಾಯಿದೆ ಇದನ್ನು ಅಪರಾಧವೆಂದು ಸಾರಿತು. ಆ ತಾಯಂದಿರ ಮಕ್ಕಳು ಶಾಲೆಗೆ ಬಂದಾಗ ದಾಖಲಾತಿ ನಮೂನೆಯಲ್ಲಿನ 'ತಂದೆಯ ಹೆಸರು' ಎಂಬ ಅಂಕಣವೇ ಮೊದಲ ತೊಡಕಾಗುತ್ತಿತ್ತು. ಕೊಟ್ರೇಶಿ ಕನಸು ದೇವದಾಸಿ ಪದ್ಧತಿಯನ್ನು ಕುರಿತ ಚಿತ್ರವಲ್ಲ. ಆದರೆ ದಾಖಲಾತಿ ಎಂಬ ಸರಳ ಕಚೇರಿ ಕೆಲಸದಲ್ಲಿ ಜಾತಿ ಎಷ್ಟು ಬಗೆಯಲ್ಲಿ ಅಡಗಿರಬಲ್ಲದು ಎಂಬುದಕ್ಕೆ ಈ ಉದಾಹರಣೆ ಹತ್ತಿರದ್ದು.

ಮೂಲ ಕಥೆಗಾರ

ಕುಂ. ವೀರಭದ್ರಪ್ಪ ಅವರು ಹುಟ್ಟಿದ್ದು 1953ರಲ್ಲಿ, ಕೊಟ್ಟೂರಿನಲ್ಲಿ. ಮದರಾಸು ಪ್ರಾಂತಕ್ಕೆ ಸೇರಿದ್ದ ಬಳ್ಳಾರಿ ಸೀಮೆಯ ಕನ್ನಡ ತಾಲ್ಲೂಕುಗಳು ಮೈಸೂರು ರಾಜ್ಯಕ್ಕೆ ಬಂದದ್ದೂ ಅದೇ ವರ್ಷ. ಅವರು ಆಂಧ್ರಪ್ರದೇಶದ ಗಡಿಭಾಗದ ಹಳ್ಳಿಗಳಲ್ಲಿ ಶಾಲಾ ಶಿಕ್ಷಕರಾಗಿ ದುಡಿದವರು. ಹಾಗಾಗಿ ಕರಿಹಲಗೆ, ಹಾಜರಿ ಪುಸ್ತಕ, ತಪಾಸಣೆಗೆ ಬರುವ ಸಾಹೇಬರು, ಹಸಿದು ಬಂದ ಮಕ್ಕಳು ಅವರಿಗೆ ಕೇಳಿ ತಿಳಿದ ಸಂಗತಿಗಳಾಗಿರಲಿಲ್ಲ. ಬಳ್ಳಾರಿ–ರಾಯಲಸೀಮೆ ಗಡಿಯ ಆಡುಮಾತನ್ನು ಕನ್ನಡ ಗದ್ಯಕ್ಕೆ ತಂದವರಲ್ಲಿ ಅವರು ಪ್ರಮುಖರು. ಗ್ರಾಮದ ಕ್ರೌರ್ಯವನ್ನು ವರ್ಣಿಸುವಾಗಲೂ ನಗೆಯನ್ನು ಬಿಟ್ಟುಕೊಡದ ಶೈಲಿ ಅವರದು. 'ಅರಮನೆ' ಕಾದಂಬರಿಗೆ 2007ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂದಿತು, ಎಂ. ಎಂ. ಕಲಬುರ್ಗಿ ಅವರ ಹತ್ಯೆಯನ್ನು ಪ್ರತಿಭಟಿಸಿ 2015ರಲ್ಲಿ ಅದನ್ನು ಹಿಂದಿರುಗಿಸಿದರು. 'ಗಾಂಧಿ ಕ್ಲಾಸು' ಅವರ ಆತ್ಮಕಥನ. ಅವರ ಇನ್ನೊಂದು ಕಥೆಯನ್ನು ಗಿರೀಶ್ ಕಾಸರವಳ್ಳಿ 'ಕೂರ್ಮಾವತಾರ' ಎಂಬ ಹೆಸರಿನಿಂದ ಚಿತ್ರ ಮಾಡಿದ್ದಾರೆ.

ನಿರ್ದೇಶಕ ಮತ್ತು ಕಲಾವಿದರು

ಮಂಡ್ಯ ಜಿಲ್ಲೆ ನಾಗಮಂಗಲ ತಾಲ್ಲೂಕಿನ ನಾಗತಿಹಳ್ಳಿಯವರಾದ ಚಂದ್ರಶೇಖರ್ ಸ್ವತಃ ಕಥೆಗಾರರು. 'ಉಂಡೂ ಹೋದ ಕೊಂಡೂ ಹೋದ' ಚಿತ್ರದಲ್ಲಿ ಹಳ್ಳಿಯನ್ನು ವಿಡಂಬನೆಯ ಕಣ್ಣಿನಿಂದ ನೋಡಿ, 'ಬಾ ನಲ್ಲೆ ಮಧುಚಂದ್ರಕೆ' ಚಿತ್ರದಲ್ಲಿ ನಗರದ ಪ್ರೇಕ್ಷಕರನ್ನು ಗಳಿಸಿದ್ದರು. ಕೊಟ್ರೇಶಿ ಕನಸು ಅವರ ಚಿತ್ರಗಳ ಸಾಲಿನಲ್ಲಿ ಬೇರೆಯಾಗಿಯೇ ನಿಲ್ಲುತ್ತದೆ. ಮುಂದೆ 'ಅಮೆರಿಕಾ ಅಮೆರಿಕಾ' ಚಿತ್ರದಿಂದ ಅವರು ವಿದೇಶವಾಸಿ ಕನ್ನಡಿಗರ ಕಥೆಗಳ ಕಡೆಗೆ ಹೊರಳಿದರು.

ಕರಿಬಸವಯ್ಯ ರಂಗಭೂಮಿ ಮತ್ತು ಹರಿಕಥೆಯ ಹಿನ್ನೆಲೆಯಿಂದ ಬಂದ ನಟ. ಅವರನ್ನು ಹಾಸ್ಯಪಾತ್ರಗಳಿಂದ ಮಾತ್ರ ಬಲ್ಲವರು ಈ ಚಿತ್ರವನ್ನು ನೋಡಬೇಕು. ಉಮಾಶ್ರೀ ಅವರೂ ರಂಗಭೂಮಿಯಿಂದ ಬಂದವರೇ.

ಮಕ್ಕಳ ಚಿತ್ರವೇ?

ಈ ಚಿತ್ರವನ್ನು ಮಕ್ಕಳ ಚಿತ್ರಗಳ ಪಟ್ಟಿಯಲ್ಲಿ ಸೇರಿಸುವವರೂ ಇದ್ದಾರೆ, ಸಾಮಾಜಿಕ ಚಿತ್ರವೆಂದು ಕರೆಯುವವರೂ ಇದ್ದಾರೆ. ರಾಷ್ಟ್ರಪ್ರಶಸ್ತಿ ದೊರೆತದ್ದು ಪ್ರಾದೇಶಿಕ ಭಾಷೆಯ ವಿಭಾಗದಲ್ಲಿ. ನಾಯಕ ಬಾಲಕನಾಗಿರುವುದರಿಂದಷ್ಟೇ ಚಿತ್ರ ಮಕ್ಕಳದ್ದಾಗುವುದಿಲ್ಲ ಎಂಬ ವಾದದಲ್ಲಿ ಹುರುಳಿದೆ. ಆದರೆ ಇಲ್ಲಿಯ ತಪ್ಪುಗಳೆಲ್ಲ ದೊಡ್ಡವರವು, ಅವುಗಳನ್ನು ಸ್ಪಷ್ಟವಾಗಿ ಕಾಣುವವನು ಹುಡುಗ. ಈ ಕಾರಣಕ್ಕಾಗಿ ಪ್ರೌಢಶಾಲಾ ಮಕ್ಕಳಿಗೆ ತೋರಿಸಲು ಇದು ತಕ್ಕ ಚಿತ್ರ.

ಹಳ್ಳಿಯ ಶಾಲಾಮಕ್ಕಳನ್ನು ಕುರಿತ ಭಾರತೀಯ ಚಿತ್ರಗಳಲ್ಲಿ ಆಟ ಒಂದು ಜನಪ್ರಿಯ ದಾರಿ. ಓಟವೋ ಫುಟ್‌ಬಾಲೋ ಹುಡುಗರನ್ನು ಒಟ್ಟುಗೂಡಿಸುತ್ತದೆ, ಕೊನೆಯ ಪಂದ್ಯ ಅವರ ಬೆಲೆಯನ್ನು ಊರಿಗೆ ತೋರಿಸಿಕೊಡುತ್ತದೆ. ಟಿ. ಎಸ್. ನಾಗಾಭರಣ ಅವರ 'ಚಿನ್ನಾರಿ ಮುತ್ತ' (1993) ಚಿತ್ರದಲ್ಲಿ ಹಳ್ಳಿಯಿಂದ ನಗರಕ್ಕೆ ಬಂದ ಹುಡುಗ ಓಟಗಾರನಾಗಿ ಬೆಳೆಯುತ್ತಾನೆ. ಆ ಪಾತ್ರವನ್ನೂ ವಿಜಯ್ ರಾಘವೇಂದ್ರ ಅವರೇ ಮಾಡಿದ್ದರು. ನಾಗರಾಜ ಮಂಜುಳೆ ಅವರ ಹಿಂದಿ ಚಿತ್ರ 'ಝುಂಡ್' (2022) ನಾಗಪುರದ ಕೊಳೆಗೇರಿಯ ಮಕ್ಕಳು ಫುಟ್‌ಬಾಲ್ ತಂಡ ಕಟ್ಟುವ ಕಥೆ. ಮೈದಾನದಲ್ಲಿ ಗೆದ್ದವನು ಯಾರೆಂಬುದನ್ನು ನೋಡುವವರೆಲ್ಲ ಒಪ್ಪಲೇಬೇಕು. ಚೆಂಡು ಗೋಲಿನೊಳಗೆ ಹೋದ ಮೇಲೆ ಜಾತಿ ಕೇಳಲು ಎಡೆಯಿಲ್ಲ. ಕೊಟ್ರೇಶಿಗೆ ಅಂಥ ಮೈದಾನ ದೊರೆಯಲಿಲ್ಲ. ಅವನು ಗೆದ್ದ ಪಂದ್ಯ ಪರೀಕ್ಷೆಯದು. ಗೆಲುವು ಕಾಗದದ ಮೇಲಿದೆ, ಆ ಕಾಗದವನ್ನು ಒಪ್ಪಿಕೊಳ್ಳುವ ಅಧಿಕಾರ ಸೋತವರ ಕೈಯಲ್ಲಿದೆ. ಕ್ರೀಡಾಚಿತ್ರಗಳ ಸುಖಾಂತ್ಯಕ್ಕೆ ಒಗ್ಗಿದ ಮಕ್ಕಳು ಇಲ್ಲಿ ಕೇಳುವ ಮೊದಲ ಪ್ರಶ್ನೆ, ಪಾಸಾದ ಮೇಲೂ ಯಾಕೆ ಸೇರಿಸಿಕೊಳ್ಳಲಿಲ್ಲ ಎಂಬುದೇ ಆಗಿರುತ್ತದೆ.

ಎನ್. ಲಕ್ಷ್ಮೀನಾರಾಯಣ ನಿರ್ದೇಶನದ 'ಬೆಟ್ಟದ ಹೂವು' (1985) ಇನ್ನೊಂದು ಸಮೀಪದ ಉದಾಹರಣೆ. ಅಲ್ಲಿ ಪುನೀತ್ ರಾಜ್‌ಕುಮಾರ್ ಅಭಿನಯಿಸಿದ ರಾಮು ಬಡತನದಿಂದಾಗಿ ಶಾಲೆ ಬಿಡಬೇಕಾಗುತ್ತದೆ. ಬಡತನದ ಕಥೆಯಲ್ಲಿ ಕರುಣೆಗೆ ಎಡೆಯಿದೆ, ಹುಡುಗನಿಗೆ ನೆರವಾಗುವವರು ಸಿಗುತ್ತಾರೆ. ಕೊಟ್ರೇಶಿಯ ಬಡತನಕ್ಕೆ ಜಾತಿಯೂ ಸೇರಿರುವುದರಿಂದ ನೆರವಾಗಬೇಕಾದವರೇ ಎದುರು ನಿಲ್ಲುತ್ತಾರೆ. ಮರಾಠಿಯ 'ಫಂಡ್ರಿ' (2013) ಇದೇ ವಸ್ತುವನ್ನು ಮತ್ತಷ್ಟು ಒರಟಾಗಿ ಎತ್ತಿಕೊಂಡಿತು. ಶಾಲೆಗೆ ಹೋಗುವ ಜಬ್ಯಾ ಎಂಬ ಹುಡುಗ ಸಹಪಾಠಿಗಳ ಕಣ್ಣೆದುರಿನಲ್ಲಿಯೇ ಹಂದಿ ಹಿಡಿಯಬೇಕಾಗುವ ಸಂದರ್ಭ ಅದರದು. ಆ ಪಾತ್ರಕ್ಕಾಗಿ ಸೋಮನಾಥ ಅವಘಡೆ 61ನೇ ರಾಷ್ಟ್ರೀಯ ಪ್ರಶಸ್ತಿಗಳಲ್ಲಿ ಅತ್ಯುತ್ತಮ ಬಾಲನಟ ಗೌರವ ಪಡೆದರು. ಎರಡು ಚಿತ್ರಗಳ ನಡುವೆ ಸುಮಾರು ಎರಡು ದಶಕಗಳ ಅಂತರವಿದೆ.

ಪ್ರಶಸ್ತಿಗಳು ಮತ್ತು ನಂತರದ ಕಾಲ

ಅತ್ಯುತ್ತಮ ಬಾಲನಟ ರಾಷ್ಟ್ರಪ್ರಶಸ್ತಿ ಇದಕ್ಕೆ ಮೊದಲು 'ಕಾಡು' ಚಿತ್ರದ ಜಿ. ಎಸ್. ನಟರಾಜ್, 'ಘಟಶ್ರಾದ್ಧ'ದ ಅಜಿತ್ ಕುಮಾರ್, 'ಬೆಟ್ಟದ ಹೂವು' ಚಿತ್ರದ ಪುನೀತ್ ಅವರಿಗೆ ಸಂದಿತ್ತು. ಮೂರರಲ್ಲಿಯೂ ದೊಡ್ಡವರ ಲೋಕದ ಅನ್ಯಾಯಕ್ಕೆ ಮಗುವೇ ಸಾಕ್ಷಿ. ವಿಜಯ್ ರಾಘವೇಂದ್ರ ಅವರ ಪಾತ್ರದಲ್ಲಿ ವ್ಯತ್ಯಾಸವೆಂದರೆ, 'ಕಾಡು' ಮತ್ತು 'ಘಟಶ್ರಾದ್ಧ'ದ ಹುಡುಗರು ಬೇರೆಯವರಿಗೆ ಆದುದನ್ನು ನೋಡುತ್ತಾರೆ, ಕೊಟ್ರೇಶಿ ತನಗೇ ಆದುದನ್ನು ಅನುಭವಿಸುತ್ತಾನೆ.

ಹಳ್ಳಿಯ ಶಾಲೆಯನ್ನು ಕೇಂದ್ರವಾಗಿಟ್ಟುಕೊಂಡ ಕನ್ನಡ ಚಿತ್ರಗಳು ಅನಂತರವೂ ಬಂದಿವೆ. ಅವುಗಳಲ್ಲಿ ರಿಷಬ್ ಶೆಟ್ಟಿ ನಿರ್ದೇಶಿಸಿದ 'ಸರ್ಕಾರಿ ಹಿರಿಯ ಪ್ರಾಥಮಿಕ ಶಾಲೆ, ಕಾಸರಗೋಡು, ಕೊಡುಗೆ: ರಾಮಣ್ಣ ರೈ' (2018) ಹೆಚ್ಚು ಜನರನ್ನು ತಲುಪಿತು, ಅದಕ್ಕೆ ಅತ್ಯುತ್ತಮ ಮಕ್ಕಳ ಚಿತ್ರ ರಾಷ್ಟ್ರಪ್ರಶಸ್ತಿಯೂ ಬಂದಿತು. ಅಲ್ಲಿ ಮುಚ್ಚಿಹೋಗಲಿರುವ ಶಾಲೆಯನ್ನು ಉಳಿಸಿಕೊಳ್ಳಲು ಮಕ್ಕಳು ಹೋರಾಡುತ್ತಾರೆ. ಕೊಟ್ರೇಶಿಯ ಊರಿನಲ್ಲಿ ಶಾಲೆ ತೆರೆದೇ ಇದೆ.

ವಿಜಯ್ ರಾಘವೇಂದ್ರ 2002ರಲ್ಲಿ 'ನಿನಗಾಗಿ' ಚಿತ್ರದ ಮೂಲಕ ನಾಯಕನಟರಾದರು. ಪತ್ರಿಕೆಗಳೂ ಅಭಿಮಾನಿಗಳೂ ಅವರನ್ನು ಇಂದಿಗೂ 'ಚಿನ್ನಾರಿ ಮುತ್ತ' ಎಂದೇ ಕರೆಯುತ್ತಾರೆ. ರಾಷ್ಟ್ರಪ್ರಶಸ್ತಿ ತಂದುಕೊಟ್ಟದ್ದು ಮಾತ್ರ ಕೊಟ್ರೇಶಿಯ ಪಾತ್ರ.