ಮಾದಲವೂ ಬೇಲವೂ: ಮಹಾವೀರಾಚಾರ್ಯನ ಒಂದು ವ್ಯವಕಲನ

ಇಂದಿನ ಚಾಮರಾಜನಗರವು ಶಾಸನಗಳ ಅರಕೊಟ್ಟಾರ. ಹೊಯ್ಸಳ ವಿಷ್ಣುವರ್ಧನನ ದಂಡನಾಯಕ ಪುಣಿಸಮಯ್ಯನು 1117ರಲ್ಲಿ ಇಲ್ಲಿ ಬಸದಿಯನ್ನು ಕಟ್ಟಿಸಿದನು. ನೀಲಗಿರಿಯ ಹೆಸರು ಬರುವ ಆ ಶಾಸನವನ್ನು ವಿದ್ವಾಂಸರು ಹೆಚ್ಚಾಗಿ ದಂಡಯಾತ್ರೆಗಾಗಿ ಓದಿದ್ದಾರೆ. ಚಾಮರಾಜನಗರ, ಗುಂಡ್ಲುಪೇಟೆ ಸೀಮೆಯ ದಾನಶಾಸನಗಳಲ್ಲಿ ಲೆಕ್ಕದ ಶಿಸ್ತೊಂದು ಅಡಗಿರುವುದನ್ನೂ ಗಮನಿಸಬೇಕು. ಗದ್ದೆ, ಬೆದ್ದಲು, ಗದ್ಯಾಣಗಳನ್ನು ಕರಣಿಕನು ಬೇರೆಬೇರೆಯಾಗಿಯೇ ಬರೆಯುತ್ತಾನೆ. ಗದ್ದೆಗೆ ಗದ್ದೆ ಕೂಡುತ್ತದೆ, ಗದ್ಯಾಣ ಕೂಡದು.

ಬೀಜಗಣಿತದ ಮೊದಲ ನಿಯಮವೂ ಇದೇ. ಸಜಾತಿಯ ಅವ್ಯಕ್ತಗಳನ್ನು ಮಾತ್ರ ಕೂಡಿ ಕಳೆಯಬೇಕು, ವಿಜಾತಿಯವನ್ನು ಪ್ರತ್ಯೇಕವಾಗಿ ಇರಿಸಬೇಕು ಎಂದು ಬ್ರಹ್ಮಗುಪ್ತನು 628ರಲ್ಲಿಯೇ ವಿಧಿಸಿದ್ದನು. ಅಮೋಘವರ್ಷ ನೃಪತುಂಗನ ಕಾಲದ ಜೈನಾಚಾರ್ಯ ಮಹಾವೀರನ ‘ಗಣಿತಸಾರಸಂಗ್ರಹ’ದಲ್ಲಿ ಅವ್ಯಕ್ತಗಳಿಗೆ ಸಂಕೇತಾಕ್ಷರಗಳಿಲ್ಲ. ಆದಕಾರಣ ಅದನ್ನು ಬರಿಯ ಅಂಕಗಣಿತವೆಂದು ಬದಿಗಿರಿಸುವುದುಂಟು. ಅದು ಆತುರದ ತೀರ್ಮಾನ.

ಆತನ ಒಂದು ಪ್ರಶ್ನೆ ಹೀಗಿದೆ: 9 ಮಾದಲ ಹಣ್ಣಿಗೂ 7 ಬೇಲದ ಹಣ್ಣಿಗೂ ಸೇರಿ ಬೆಲೆ 107, 7 ಮಾದಲಕ್ಕೂ 9 ಬೇಲಕ್ಕೂ 101. ಒಂದೊಂದರ ಬೆಲೆಯೆಷ್ಟು? ಆಚಾರ್ಯನ ಸೂತ್ರದಂತೆ 107ನ್ನು 9ರಿಂದಲೂ 101ನ್ನು 7ರಿಂದಲೂ ಗುಣಿಸಿ ಕಳೆದರೆ 256 ಬರುತ್ತದೆ; 9, 7ರ ವರ್ಗಗಳ ಅಂತರವಾದ 32ರಿಂದ ಅದನ್ನು ಭಾಗಿಸಿದರೆ ಮಾದಲದ ಬೆಲೆ 8. ಸೂತ್ರ ಇಷ್ಟನ್ನೇ ಹೇಳುತ್ತದೆ. ಅದು ಏಕೆ ಫಲಿಸುತ್ತದೆಂಬುದು ಹಣ್ಣುಗಳಿಗೆ ‘ಮಾ’, ‘ಬೇ’ ಎಂಬ ಅಕ್ಷರಗಳನ್ನು ಕೊಟ್ಟಾಗ ತಿಳಿಯುತ್ತದೆ. ಮೊದಲನೆಯ ರಾಶಿ 81ಮಾ + 63ಬೇ, ಎರಡನೆಯದು 49ಮಾ + 63ಬೇ. ಕಳೆದಾಗ ಬೇಲವೆಲ್ಲ ಅಳಿದು 32ಮಾ ಮಾತ್ರ ಉಳಿಯುತ್ತದೆ. ಬೇಲದ ಬೆಲೆಯೂ ಇದೇ ಕ್ರಮದಲ್ಲಿ 5.

ಗುಣಿಸದೆ ನೇರವಾಗಿ ಕಳೆದರೂ ಸ್ವಾರಸ್ಯವಿದೆ. 9ಮಾ + 7ಬೇ ಎಂಬುದರಿಂದ 7ಮಾ + 9ಬೇ ಕಳೆಯುವಾಗ ಎರಡನೆಯ ರಾಶಿಯ ಪ್ರತಿಯೊಂದು ಪದದ ಚಿಹ್ನೆಯೂ ಬದಲಾಗಬೇಕು. ಮೊದಲ ಪದವನ್ನಷ್ಟೇ ಬದಲಿಸಿ ಎರಡನೆಯದನ್ನು ಮರೆಯುವ ವಿದ್ಯಾರ್ಥಿಗಳು ಇಂದಿಗೂ ಬಹಳ. ಫಲ 2ಮಾ − 2ಬೇ = 6; ಅಂದರೆ ಬೆಲೆಗಳ ಅಂತರ 3. ಇದಕ್ಕೆ ಬೇಕಾದ ನಿಯಮವೂ ಅದೇ ಗ್ರಂಥದ ಸಂಜ್ಞಾಧಿಕಾರದಲ್ಲಿದೆ: ಕಳೆಯಬೇಕಾದ ಧನವು ಋಣವಾಗುತ್ತದೆ, ಋಣವು ಧನವಾಗುತ್ತದೆ. ಸಾಮಾನ್ಯ ಸಂಖ್ಯೆಗಳ ಕೂಡುವ ಕಳೆಯುವ ಕ್ರಿಯೆಗಳನ್ನು ಅಷ್ಟಪರಿಕರ್ಮಗಳಿಗೆ ಸೇರಿಸುವುದೂ ಅನಾವಶ್ಯಕವೆಂದು ಬಿಟ್ಟ ಆಚಾರ್ಯನು ಚಿಹ್ನೆಯ ಈ ನಿಯಮವನ್ನು ಮಾತ್ರ ಬಿಡಲಿಲ್ಲ.

ಅಕ್ಷರಗಳ ಪದ್ಧತಿ 1150ರ ಭಾಸ್ಕರನ ‘ಬೀಜಗಣಿತ’ದಲ್ಲಿ ವಿಸ್ತಾರವಾಗಿ ಕಾಣುತ್ತದೆ: ಯಾವತ್ತಾವತ್, ಕಾಲಕ, ನೀಲಕ, ಪೀತಕ, ಋಣಕ್ಕೆ ಮೇಲೊಂದು ಚುಕ್ಕೆ. ಮಹಾವೀರನಿಗೂ ಇದೆಲ್ಲ ಇತ್ತೆಂದು ಅಭಿಮಾನದಿಂದ ಹೇಳುವುದು ಸಲ್ಲದು. ಆತನಲ್ಲಿರುವುದು ಕ್ರಿಯೆ, ಬರಹದ ರೂಪ ಇಲ್ಲ.

ಆ ಕ್ರಿಯೆ ಕನ್ನಡಕ್ಕೆ ಹೊರತಾಗಿಯೂ ಉಳಿಯಲಿಲ್ಲ. 12ನೆಯ ಶತಮಾನದಲ್ಲಿ ಜೈನಕವಿ ರಾಜಾದಿತ್ಯನು ‘ವ್ಯವಹಾರಗಣಿತ’ವನ್ನು ಕನ್ನಡದಲ್ಲಿಯೇ ರಚಿಸಿದನು. ಎಂ. ರಂಗಾಚಾರ್ಯರು 1912ರಲ್ಲಿ ಮದರಾಸಿನಿಂದ ‘ಗಣಿತಸಾರಸಂಗ್ರಹ’ವನ್ನು ಪ್ರಕಟಿಸಿದಾಗ ಅವರಿಗೆ ಮೈಸೂರಿನಿಂದ ದೊರೆತ ಪ್ರತಿಯು ಜೈನ ಪಂಡಿತರೊಬ್ಬರ ಓಲೆಗರಿಯಿಂದ ಕನ್ನಡ ಲಿಪಿಯಲ್ಲಿ ನಕಲಾದದ್ದು, ಅದರಲ್ಲಿ ವಲ್ಲಭನೆಂಬುವನ ಕನ್ನಡ ಟೀಕೆಯೂ ಇತ್ತು.