ಕರ್ನಾಟಕ ಸರ್ಕಾರ ವಿರುದ್ಧ ಉಮಾದೇವಿ ಪ್ರಕರಣ

ಕರ್ನಾಟಕ ಸರ್ಕಾರ ವಿರುದ್ಧ ಉಮಾದೇವಿ ಪ್ರಕರಣವು ಸರ್ಕಾರಿ ಇಲಾಖೆಗಳ ಹಂಗಾಮಿ ಮತ್ತು ದಿನಗೂಲಿ ನೌಕರರನ್ನು ಖಾಯಂಗೊಳಿಸುವ ವಿಷಯದಲ್ಲಿ ಭಾರತದ ಸರ್ವೋಚ್ಚ ನ್ಯಾಯಾಲಯವು 2006ರ ಏಪ್ರಿಲ್ 10ರಂದು ತೀರ್ಮಾನಿಸಿದ ಮೊಕದ್ದಮೆ. ಮುಖ್ಯ ನ್ಯಾಯಮೂರ್ತಿ ವೈ. ಕೆ. ಸಭರ್‌ವಾಲ್ ಅವರಿದ್ದ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠದ ಪರವಾಗಿ ನ್ಯಾಯಮೂರ್ತಿ ಪಿ. ಕೆ. ಬಾಲಸುಬ್ರಮಣ್ಯನ್ ತೀರ್ಪನ್ನು ಬರೆದರು. ಹಂಗಾಮಿ ನೌಕರರ ಹಕ್ಕುಗಳ ಕುರಿತ ದೇಶದ ಬಹುತೇಕ ವಾದಗಳು ಇಂದಿಗೂ ಈ ತೀರ್ಪಿನಿಂದಲೇ ಆರಂಭವಾಗುತ್ತವೆ.

ಹಿನ್ನೆಲೆ

ಕರ್ನಾಟಕದ ವಾಣಿಜ್ಯ ತೆರಿಗೆ ಇಲಾಖೆಯಲ್ಲಿ 1985–86ರಿಂದ ದಿನಗೂಲಿಯ ಮೇಲೆ ದುಡಿಯುತ್ತಿದ್ದವರು, ಹತ್ತು ವರ್ಷಕ್ಕೂ ಮೀರಿದ ಸೇವೆಯ ಆಧಾರದಲ್ಲಿ ತಮ್ಮನ್ನು ಖಾಯಂಗೊಳಿಸಬೇಕೆಂದು ಕೋರಿದರು. ಆಡಳಿತ ನ್ಯಾಯಮಂಡಳಿಯು ಅರ್ಜಿಯನ್ನು ತಳ್ಳಿಹಾಕಿತು. ಉಚ್ಚ ನ್ಯಾಯಾಲಯವು ನೌಕರರ ಪರವಾಗಿ ನಿಂತಿತು. ಸರ್ಕಾರವು ಮೇಲ್ಮನವಿ ಸಲ್ಲಿಸಿತು. 1984ರ ಜುಲೈ 1ರ ಅನಂತರದ ದಿನಗೂಲಿ ನೇಮಕಗಳನ್ನು ರದ್ದುಪಡಿಸುವ ಸರ್ಕಾರಿ ಆದೇಶಕ್ಕೆ ಸಂಬಂಧಿಸಿದ ಮೇಲ್ಮನವಿಗಳೂ ಇದರೊಡನೆ ವಿಚಾರಣೆಗೆ ಬಂದವು.

ತೀರ್ಪು

ಸಂವಿಧಾನದ 14 ಮತ್ತು 16ನೆಯ ವಿಧಿಗಳ ಪ್ರಕಾರ ಸರ್ಕಾರಿ ಹುದ್ದೆಗೆ ಅರ್ಜಿ ಹಾಕುವ ಸಮಾನ ಅವಕಾಶ ಎಲ್ಲರಿಗೂ ಇರಬೇಕು. ಪ್ರಕಟಣೆಯಿಲ್ಲದೆ, ಆಯ್ಕೆಯಿಲ್ಲದೆ ಒಳಗೆ ಬಂದವರನ್ನು ಖಾಯಂಗೊಳಿಸಿದರೆ, ಹೊರಗೆ ಕಾದಿರುವ ನಿರುದ್ಯೋಗಿಗಳಿಗೆ ಅನ್ಯಾಯವಾಗುತ್ತದೆ ಎಂಬುದು ಪೀಠದ ಮುಖ್ಯ ತರ್ಕ. ದೀರ್ಘಕಾಲದ ಸೇವೆಯೊಂದರಿಂದಲೇ ಹಕ್ಕು ಹುಟ್ಟುವುದಿಲ್ಲ. ನೌಕರಿ ತಾತ್ಕಾಲಿಕವೆಂದು ತಿಳಿದೇ ನೌಕರರು ಅದನ್ನು ಒಪ್ಪಿಕೊಂಡಿರುತ್ತಾರೆ ಎಂದು ಪೀಠ ಹೇಳಿತು. ಕೆಲಸ ಸಿಗದ ಕಾಲದಲ್ಲಿ ಅವರಿಗೆ ಚೌಕಾಸಿಯ ಬಲವಿರಲಿಲ್ಲವೆಂಬುದನ್ನು ಒಪ್ಪಿಕೊಂಡರೂ ಅದರ ತೀರ್ಮಾನ ಬದಲಾಗಲಿಲ್ಲ.

ತೀರ್ಪಿನ 53ನೆಯ ಕಂಡಿಕೆಯಲ್ಲಿ ಒಂದು ವಿನಾಯಿತಿ ಇದೆ. ಅದು ಕಾನೂನುಬಾಹಿರ ನೇಮಕ ಮತ್ತು ಕೇವಲ ಕ್ರಮದೋಷವಿರುವ ನೇಮಕಗಳನ್ನು ಬೇರ್ಪಡಿಸುತ್ತದೆ. ಮಂಜೂರಾದ ಖಾಲಿ ಹುದ್ದೆಯಲ್ಲಿ, ನಿಗದಿತ ವಿದ್ಯಾರ್ಹತೆಯೊಡನೆ, ನ್ಯಾಯಾಲಯದ ಆದೇಶದ ಆಸರೆಯಿಲ್ಲದೆ ಹತ್ತು ವರ್ಷ ದುಡಿದವರನ್ನು ಒಂದು ಬಾರಿಯ ಕ್ರಮವಾಗಿ ಸಕ್ರಮಗೊಳಿಸುವ ಬಗ್ಗೆ ಪರಿಶೀಲಿಸಬೇಕೆಂದು ಅಲ್ಲಿ ಸೂಚಿಸಲಾಗಿದೆ. ಹುದ್ದೆಯೇ ಮಂಜೂರಾಗದ ಕಡೆ ದುಡಿದವರಿಗೆ ಇದರಿಂದ ಪ್ರಯೋಜನವಾಗಲಿಲ್ಲ. ಹುದ್ದೆಯನ್ನು ಮಂಜೂರು ಮಾಡುವುದಾಗಲಿ ಬಿಡುವುದಾಗಲಿ ಸರ್ಕಾರದ ಕೈಯಲ್ಲೇ ಇರುತ್ತದೆ ಎಂಬುದು ಇಲ್ಲಿ ಗಮನಾರ್ಹ. ವಾಣಿಜ್ಯ ತೆರಿಗೆ ಇಲಾಖೆಯ ನೌಕರರಿಗೆ ಮಾತ್ರ, ಉಚ್ಚ ನ್ಯಾಯಾಲಯದ ತೀರ್ಪಿನ ದಿನದಿಂದ ಆ ಶ್ರೇಣಿಯ ಕನಿಷ್ಠ ವೇತನ ದೊರೆಯಿತು.

ನಂತರದ ಬೆಳವಣಿಗೆಗಳು

ಒಂದು ಬಾರಿಯ ಕ್ರಮವೆಂದರೆ ಗಡುವು ಮುಗಿದೊಡನೆ ಹಕ್ಕೂ ಮುಗಿಯಿತೆಂದಲ್ಲ, ಅರ್ಹರೆಲ್ಲರ ಪರಿಶೀಲನೆ ಆಗುವವರೆಗೂ ಅದು ಪೂರ್ಣವಾಗದು ಎಂದು 2010ರಲ್ಲಿ ಎಂ. ಎಲ್. ಕೇಸರಿ ಪ್ರಕರಣದಲ್ಲಿ ಸ್ಪಷ್ಟಪಡಿಸಲಾಯಿತು. ಇದೂ ಕರ್ನಾಟಕದ್ದೇ ಮೊಕದ್ದಮೆ. ರಾಜ್ಯವು ತನ್ನ ದಿನಗೂಲಿ ನೌಕರರಿಗಾಗಿ 2012ರ ಕ್ಷೇಮಾಭಿವೃದ್ಧಿ ಅಧಿನಿಯಮವನ್ನು ರೂಪಿಸಿತು. ಅದು ಸೇವೆಯ ಮುಂದುವರಿಕೆಗೆ ಭದ್ರತೆ ನೀಡಿತೇ ಹೊರತು ಅವರನ್ನು ಸರ್ಕಾರಿ ನೌಕರರನ್ನಾಗಿ ಮಾಡಲಿಲ್ಲ.

ವೇತನದ ವಿಷಯದಲ್ಲಿ 2016ರ ಪಂಜಾಬ್ ಸರ್ಕಾರ ವಿರುದ್ಧ ಜಗಜೀತ್ ಸಿಂಗ್ ತೀರ್ಪು ಹೆಚ್ಚು ಉದಾರವಾಗಿದೆ. ಖಾಯಂ ನೌಕರರಷ್ಟೇ ಕೆಲಸ ಮಾಡುವ ಹಂಗಾಮಿ ನೌಕರರು ಆ ವೇತನ ಶ್ರೇಣಿಯ ಕನಿಷ್ಠ ಮೊತ್ತಕ್ಕೆ ಅರ್ಹರು ಎಂದು ಅದು ಸಾರಿತು. ಕೇಂದ್ರ ಜಲ ಆಯೋಗದ ಕಚೇರಿಯಲ್ಲಿ ಸ್ವಚ್ಛತೆ ಮತ್ತು ತೋಟಗಾರಿಕೆಯ ಕೆಲಸ ಮಾಡುತ್ತಿದ್ದವರ ಜಗ್ಗೋ ಪ್ರಕರಣದಲ್ಲಿ, 2024ರ ಡಿಸೆಂಬರ್‌ನಲ್ಲಿ, ಸರ್ವೋಚ್ಚ ನ್ಯಾಯಾಲಯವು ಅವರನ್ನು ಖಾಯಂಗೊಳಿಸಲು ಆದೇಶಿಸಿತು. ಹಿಂಬಾಗಿಲ ನೇಮಕವನ್ನು ತಡೆಯಲೆಂದು ನೀಡಿದ ಉಮಾದೇವಿ ತೀರ್ಪನ್ನು, ದಶಕಗಳಿಂದ ಅಗತ್ಯ ಕೆಲಸ ಮಾಡುತ್ತಿರುವವರ ಬೇಡಿಕೆಯನ್ನು ತಿರಸ್ಕರಿಸಲು ಇಲಾಖೆಗಳು ದುರ್ಬಳಕೆ ಮಾಡಿಕೊಳ್ಳುತ್ತಿವೆ ಎಂದು ಆಗ ಪೀಠವು ಟೀಕಿಸಿತು.