ಬಿಛ್ರಿಯ ಬಾವಿಗಳು ಮತ್ತು ಪರಿಸರ ಕಾನೂನು

ನಿಮ್ಮೂರಿನ ಬಾವಿಯ ನೀರು ಇದ್ದಕ್ಕಿದ್ದಂತೆ ಬಣ್ಣ ತಿರುಗಿತು ಎಂದುಕೊಳ್ಳಿ. ಹತ್ತಿರದಲ್ಲೇ ಒಂದು ಕಾರ್ಖಾನೆಯಿದೆ. ಯಾರಿಗೆ ದೂರು ಕೊಡುತ್ತೀರಿ? ಏನನ್ನು ರುಜುವಾತುಪಡಿಸಬೇಕು? ರಾಜಸ್ಥಾನದ ಉದಯಪುರ ಜಿಲ್ಲೆಯ ಬಿಛ್ರಿ ಗ್ರಾಮದ ಜನ ಈ ಪ್ರಶ್ನೆಗಳನ್ನು ಎದುರಿಸಿದರು. ಇಂದು ನಮಗಿರುವ ಕಾನೂನು ರೂಪುಗೊಂಡದ್ದರಲ್ಲಿ ಅವರ ಬವಣೆಗೂ ಪಾಲಿದೆ.

1988ರ ಆರಂಭದಲ್ಲಿ ಅಲ್ಲಿ ‘ಎಚ್-ಆಮ್ಲ’ದ ತಯಾರಿಕೆ ಶುರುವಾಯಿತು. ನ್ಯಾಫ್ತಲೀನಿನಿಂದ ತಯಾರಾಗುವ ಈ ರಾಸಾಯನಿಕ ಬಟ್ಟೆಯ ಬಣ್ಣಗಳಿಗೆ ಬೇಕು. ಒಟ್ಟು ತಯಾರಾದದ್ದು ಸುಮಾರು 375 ಟನ್. ಅದರ ಜೊತೆ ಹುಟ್ಟಿದ್ದು ಸುಮಾರು 8,250 ಘನ ಮೀಟರ್ ತ್ಯಾಜ್ಯ ನೀರು ಮತ್ತು 2,440 ಟನ್ ವಿಷಯುಕ್ತ ಕೆಸರು. ಲೆಕ್ಕ ಹಾಕಿ ನೋಡಿ: ಒಂದು ಟನ್ ಸರಕಿಗೆ ಆರೂವರೆ ಟನ್ ಕೆಸರು! ನೀರನ್ನು ಹರಿಯಬಿಟ್ಟರು, ಕೆಸರನ್ನು ಬಯಲಲ್ಲಿ ಸುರಿದರು. ಮಳೆನೀರಿನೊಡನೆ ವಿಷ ಅಂತರ್ಜಲಕ್ಕೆ ಇಳಿಯಿತು. ಬಾವಿಯ ನೀರು ಕುಡಿಯಲು, ದನಕರುಗಳಿಗೆ, ಬೇಸಾಯಕ್ಕೆ ಯಾವುದಕ್ಕೂ ಬಾರದಂತಾಯಿತು. ಜನ ಸಿಡಿದೆದ್ದರು. 1989ರ ಜನವರಿಯಲ್ಲಿ ಎಚ್-ಆಮ್ಲದ ಘಟಕ ಮುಚ್ಚಿತು. ಕೆಸರು ಮಾತ್ರ ಅಲ್ಲೇ ಉಳಿಯಿತು.

ಅದೇ ವರ್ಷ ಪರಿಸರ ಸಂಸ್ಥೆಯೊಂದು ಸರ್ವೋಚ್ಚ ನ್ಯಾಯಾಲಯದಲ್ಲಿ ಸಾರ್ವಜನಿಕ ಹಿತಾಸಕ್ತಿ ಅರ್ಜಿ ಸಲ್ಲಿಸಿತು. ಅಷ್ಟರಲ್ಲಿ ಒಂದು ಹೊಸ ತತ್ತ್ವ ಸಿದ್ಧವಾಗಿತ್ತು. 1985ರ ಡಿಸೆಂಬರಿನಲ್ಲಿ ದೆಹಲಿಯ ಕಾರ್ಖಾನೆಯೊಂದರಿಂದ ಓಲಿಯಂ ಅನಿಲ ಸೋರಿದ ಪ್ರಕರಣದಲ್ಲಿ, ಮುಖ್ಯ ನ್ಯಾಯಮೂರ್ತಿ ಪಿ.ಎನ್. ಭಗವತಿಯವರ ಪೀಠ 1986ರಲ್ಲಿ ತೀರ್ಪು ನೀಡಿತ್ತು. ಅಪಾಯಕಾರಿ ಉದ್ಯಮ ನಡೆಸುವವರು ಎಷ್ಟೇ ಎಚ್ಚರ ವಹಿಸಿದ್ದರೂ ಅದರಿಂದಾದ ಹಾನಿಗೆ ಅವರೇ ಹೊಣೆ ಎಂಬುದು ಅದರ ಸಾರ. ಇದೇ ‘ಸಂಪೂರ್ಣ ಹೊಣೆಗಾರಿಕೆ’. ನೊಂದವರು ಉದ್ಯಮದ ಅಜಾಗರೂಕತೆಯನ್ನು ರುಜುವಾತುಪಡಿಸಬೇಕಾಗಿಲ್ಲ.

ಬಿಛ್ರಿಯ ಮಣ್ಣು ಮತ್ತು ನೀರನ್ನು ನಾಗಪುರದ ರಾಷ್ಟ್ರೀಯ ಪರಿಸರ ಎಂಜಿನಿಯರಿಂಗ್ ಸಂಶೋಧನಾ ಸಂಸ್ಥೆ (ನೀರಿ) ಪರೀಕ್ಷಿಸಿತು. ಇಂಥ ವರದಿಗಳ ಆಧಾರದ ಮೇಲೆ 1996ರ ಫೆಬ್ರುವರಿಯಲ್ಲಿ ನ್ಯಾಯಾಲಯ ‘ಮಲಿನಗೊಳಿಸಿದವನೇ ವೆಚ್ಚ ಭರಿಸಬೇಕು’ ಎಂದು ತೀರ್ಪಿತ್ತಿತು. ನೆಲ-ಜಲ ಶುದ್ಧೀಕರಣಕ್ಕೆ ತಗಲುವ ವೆಚ್ಚ 37.385 ಕೋಟಿ ರೂಪಾಯಿ ಎಂದು ಲೆಕ್ಕವಾಯಿತು. ಆದರೆ ಗ್ರಾಮಸ್ಥರು ತಮ್ಮ ಸ್ವಂತ ನಷ್ಟಕ್ಕೆ ಪ್ರತ್ಯೇಕವಾಗಿ ಸಿವಿಲ್ ದಾವೆ ಹೂಡಬೇಕಿತ್ತು. ಶುದ್ಧೀಕರಣದ ಹಣವೂ ವರ್ಷಗಟ್ಟಲೆ ಬರಲಿಲ್ಲ. ಅರ್ಜಿಯ ಮೇಲೆ ಅರ್ಜಿ ಹಾಕಿ ವಿಳಂಬ ಮಾಡಿದ ಉದ್ಯಮಗಳಿಗೆ, 1997ರಿಂದ ಶೇ. 12ರ ಚಕ್ರಬಡ್ಡಿ ಸೇರಿಸಿ ಕೊಡುವಂತೆ 2011ರಲ್ಲಿ ನ್ಯಾಯಾಲಯ ಮತ್ತೆ ಆದೇಶಿಸಬೇಕಾಯಿತು. ಅಷ್ಟರಲ್ಲಿ ಘಟಕ ಮುಚ್ಚಿ 22 ವರ್ಷ ಕಳೆದಿತ್ತು.

ಪರಿಸರಕ್ಕೆಂದೇ ಪ್ರತ್ಯೇಕ ನ್ಯಾಯಾಲಯಗಳು ಬೇಕೆಂಬ ಸಲಹೆ 1996ರ ತೀರ್ಪಿನಲ್ಲೇ ಇತ್ತು. 2010ರಲ್ಲಿ ರಾಷ್ಟ್ರೀಯ ಹಸಿರು ನ್ಯಾಯಮಂಡಳಿ ಸ್ಥಾಪನೆಯಾಯಿತು. ಇದರಲ್ಲಿ ನ್ಯಾಯಾಧೀಶರ ಜೊತೆಗೆ ವಿಷಯತಜ್ಞರೂ ಇರುತ್ತಾರೆ. ಕರ್ನಾಟಕ ಚೆನ್ನೈ ಪೀಠದ ವ್ಯಾಪ್ತಿಗೆ ಸೇರಿದೆ. ನೊಂದವರು ಇಲ್ಲಿ ಪರಿಹಾರವನ್ನೂ, ಕೆಟ್ಟ ಪರಿಸರದ ಪುನಶ್ಚೇತನವನ್ನೂ ಕೋರಬಹುದು. ಇದಕ್ಕೆ ಕಾರಣ ಮೊದಲು ಉಂಟಾದ ದಿನದಿಂದ ಐದು ವರ್ಷಗಳ ಗಡುವಿದೆ. ಪರಿಸರ ಸಂಬಂಧದ ಇತರ ವಿವಾದಗಳಿಗೆ ಆರು ತಿಂಗಳು ಮಾತ್ರ. ತಡಮಾಡಿದರೆ ಹಕ್ಕು ಕೈತಪ್ಪಬಹುದು.

ಅಜಾಗರೂಕತೆಯನ್ನು ತೋರಿಸಬೇಕಿಲ್ಲ, ನಿಜ. ಆದರೆ ಹಾನಿ ಆಗಿದೆ, ಅದು ಆ ಕಾರ್ಖಾನೆಯಿಂದಲೇ ಆಗಿದೆ ಎಂಬುದನ್ನು ತೋರಿಸಲೇಬೇಕು. ಶಿಕ್ಷಕರೂ ವಿದ್ಯಾರ್ಥಿಗಳೂ ನೆರವಾಗಬಹುದಾದದ್ದು ಇಲ್ಲಿಯೇ. ಊರಿನ ನಾಲ್ಕಾರು ಬಾವಿಗಳ ನೀರಿನ ಬಣ್ಣ, ವಾಸನೆ, ಪಿಎಚ್ ಮೌಲ್ಯಗಳನ್ನು ತಿಂಗಳಿಗೊಮ್ಮೆ ದಿನಾಂಕ ಸಹಿತ ಬರೆದಿಡಿ. ಕಾರ್ಖಾನೆಯಿಂದ ಪ್ರತಿ ಬಾವಿಗಿರುವ ದೂರವನ್ನೂ ಗುರುತಿಸಿ. ಬದಲಾವಣೆ ಕಂಡರೆ ಮಾಲಿನ್ಯ ನಿಯಂತ್ರಣ ಮಂಡಳಿಗೆ ಲಿಖಿತ ದೂರು ಕೊಟ್ಟು ಸ್ವೀಕೃತಿ ಪಡೆಯಿರಿ. ಶಾಲೆಯ ಪರೀಕ್ಷೆಯೊಂದೇ ನ್ಯಾಯಾಲಯಕ್ಕೆ ಸಾಲದು. 1974ರ ಜಲ ಕಾಯಿದೆಯಂತೆ ಮಂಡಳಿಯ ಅಧಿಕಾರಿಗಳು ಕ್ರಮಬದ್ಧವಾಗಿ ತೆಗೆದ ತ್ಯಾಜ್ಯದ ಮಾದರಿಗೆ ಅಲ್ಲಿ ಹೆಚ್ಚಿನ ಬೆಲೆ. ಆದರೆ ನೀರು ಯಾವಾಗ ಕೆಟ್ಟಿತು, ಮೊದಲು ಹೇಗಿತ್ತು ಎಂಬುದನ್ನು ಹೇಳಬಲ್ಲದ್ದು ನಿಮ್ಮ ನೋಟುಪುಸ್ತಕವೇ. ನೀರು ಚೆನ್ನಾಗಿರುವಾಗಲೇ ಅದನ್ನು ಬರೆಯತೊಡಗಿ.